ಏಳನೆಯ ದಿನದ ಬಿಡುವು

(ಸುವರ್ಣ ಮಹೋತ್ಸವದ ಹಳೆಯ ವಿದ್ಯಾರ್ಥಿಗಳ ಸಭೆಯಲ್ಲಿ ಮಾಡಿದ ಭಾಷಣದ ಬರಹ ರೂಪ)



ಐವತ್ತು ವರ್ಷ ತುಂಬಿದ ಶಾಲೆಯ ಸಭೆಯಲ್ಲಿ ಸಾಫ್ಟ್‌ವೇರ್‌ನವನೊಬ್ಬ ಮಾತನಾಡುತ್ತಾನೆ ಎಂದರೆ ಕಂಪ್ಯೂಟರ್ ಬಗ್ಗೆ ಹೇಳುತ್ತಾನೆ ಎಂದು ನೀವು ಅಂದುಕೊಂಡಿರಬಹುದು. ನಾನು ಆರಿಸಿಕೊಂಡಿರುವುದು ಎರಡು ಸಾವಿರ ವರ್ಷಕ್ಕೂ ಹಳೆಯದಾದ ಒಂದು ವಿಚಾರವನ್ನು. ವಾರಕ್ಕೆ ಒಂದು ದಿನ ಕೆಲಸ ನಿಲ್ಲಿಸಬೇಕು ಎಂಬ ವಿಚಾರ ಅದು. ಇದನ್ನು ಧರ್ಮದ ಕಟ್ಟಳೆಯಾಗಿ ಮಾಡಿ, ಅದರ ಮೇಲೆ ಒಂದು ತತ್ವಶಾಸ್ತ್ರವನ್ನೇ ಕಟ್ಟಿದವರು ಪ್ರಾಚೀನ ಯೆಹೂದಿಗಳು. ಅಲ್ಲಿಂದ ಅದು ಕ್ರೈಸ್ತರಿಗೆ ಬಂತು, ಇಸ್ಲಾಮಿನಲ್ಲಿ ಬೇರೆ ರೂಪ ಪಡೆಯಿತು, ಕೊನೆಗೆ ಕಾರ್ಖಾನೆಯ ಕಾನೂನಾಗಿ, ನಮ್ಮ ಶಾಲೆಯ ಭಾನುವಾರವಾಗಿ ನಮ್ಮೂರಿಗೂ ಬಂತು.

ಇದನ್ನು ಈಗ ಏಕೆ ಮಾತನಾಡಬೇಕು? ವಾರಕ್ಕೆ 70 ಗಂಟೆ, 90 ಗಂಟೆ ದುಡಿಯಬೇಕು ಎಂಬ ಮಾತನ್ನು ಇತ್ತೀಚೆಗೆ ಪೇಪರಿನಲ್ಲಿ, ಟಿವಿಯಲ್ಲಿ ನೀವೂ ಕೇಳಿದ್ದೀರಿ. ಅಂಥ ಮಾತು ಹೆಚ್ಚಾಗಿ ಕೇಳಿಬರುವ ಉದ್ಯಮದಲ್ಲೇ ನಾನಿದ್ದೇನೆ. ಬಿಡುವು ಎಂದರೆ ಸೋಮಾರಿತನವೇ, ಅದು ಯಾರ ಹಕ್ಕು ಎಂಬ ಪ್ರಶ್ನೆಗೆ ಉತ್ತರ ಹುಡುಕುತ್ತಾ ಹೋದಾಗ ಸಿಕ್ಕಿದ್ದು ಈ ಕಥೆ.

ಮೊದಲು ನಮ್ಮ ಸುತ್ತಮುತ್ತ ನೋಡೋಣ. ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡ ಈ ನಾಲ್ಕು ತಾಲ್ಲೂಕುಗಳು ಸೇರಿ ನಮ್ಮ ಶೈಕ್ಷಣಿಕ ಜಿಲ್ಲೆ. ಪಾವಗಡದ ಶನಿಮಹಾತ್ಮನ ಗುಡಿಗೆ ಶನಿವಾರ ಎಲ್ಲೆಲ್ಲಿಂದಲೋ ಜನ ಬರುತ್ತಾರೆ. ಶ್ರಾವಣ ಶನಿವಾರವಂತೂ ಕಾಲಿಡಲು ಜಾಗ ಇರುವುದಿಲ್ಲ. ಶಿರಾದಲ್ಲಿ 1696ರಲ್ಲಿ ಕಟ್ಟಿದ ಕಲ್ಲಿನ ಜುಮ್ಮಾ ಮಸೀದಿ ಇದೆ. ಜುಮ್ಮಾ ಎಂದರೆ ಶುಕ್ರವಾರ, ಜನ ಸೇರುವ ದಿನ. ನಮ್ಮ ಹಳ್ಳಿಗಳ ಹಿರಿಯರನ್ನು ಕೇಳಿದರೆ, ಸೋಮವಾರ ಬಸವಣ್ಣನ ವಾರ, ಎತ್ತಿಗೆ ನೊಗ ಹೂಡಬಾರದು ಎನ್ನುತ್ತಾರೆ. ಭಾನುವಾರ ಶಾಲೆಗೆ ರಜೆ. ಅಂದರೆ ಒಂದೇ ವಾರದೊಳಗೆ ಬೇರೆ ಬೇರೆ ಜನ ಬೇರೆ ಬೇರೆ ದಿನವನ್ನು ಎತ್ತಿ ಇಟ್ಟಿದ್ದಾರೆ.

ಗ್ರಹಗಳ ಹೆಸರಿನ ವಾರ ನಮ್ಮ ದೇಶದ ಶಾಸನಗಳಲ್ಲಿ ಕಾಣಿಸಿಕೊಳ್ಳುವುದು ಗುಪ್ತರ ಕಾಲದಲ್ಲಿ. ಮಧ್ಯಪ್ರದೇಶದ ಏರಣದಲ್ಲಿ ಬುಧಗುಪ್ತನ ಕಾಲದ ಕಂಬ ಶಾಸನವಿದೆ. ಕ್ರಿ.ಶ. 484ರ ಆ ಶಾಸನದಲ್ಲಿ ಗುರುವಾರದ ಉಲ್ಲೇಖವಿದೆ. ಆದರೆ ಯೆಹೂದಿಗಳ ವಾರ ಗ್ರಹಗಳಿಂದ ಬಂದದ್ದಲ್ಲ. ಅವರ ಹೀಬ್ರೂ ಭಾಷೆಯಲ್ಲಿ ಮೊದಲನೆಯ ದಿನ, ಎರಡನೆಯ ದಿನ, ಮೂರನೆಯ ದಿನ ಎಂದು ಬರೀ ಎಣಿಕೆ. ಏಳನೆಯದಕ್ಕೆ ಮಾತ್ರ ಹೆಸರು: ಶಬ್ಬತ್. ನಿಲ್ಲಿಸುವುದು ಎಂದು ಅದರ ಅರ್ಥ. ನಮ್ಮ ಕನ್ನಡ ಬೈಬಲಿನಲ್ಲಿ ಅದು ಸಬ್ಬತ್. ಶನಿಗ್ರಹಕ್ಕೆ ಹೀಬ್ರೂನಲ್ಲಿ ಶಬ್ಬತಾಯ್ ಎನ್ನುತ್ತಾರೆ. ನಮ್ಮಲ್ಲಿ ಗ್ರಹದಿಂದ ವಾರಕ್ಕೆ ಹೆಸರು ಬಂತು, ಅವರಲ್ಲಿ ವಾರದಿಂದ ಗ್ರಹಕ್ಕೆ ಹೆಸರು ಬಂತು.

ಶುಕ್ರವಾರ ಸೂರ್ಯ ಮುಳುಗಿದಾಗ ಸಬ್ಬತ್ ಶುರು, ಶನಿವಾರ ಕತ್ತಲಾಗಿ ನಕ್ಷತ್ರ ಕಂಡಾಗ ಮುಗಿಯಿತು. ಅಷ್ಟು ಹೊತ್ತು ಉಳುವುದಿಲ್ಲ, ಬಿತ್ತುವುದಿಲ್ಲ, ಒಲೆ ಹಚ್ಚುವುದಿಲ್ಲ, ವ್ಯಾಪಾರ ಮಾಡುವುದಿಲ್ಲ. ಯೆಹೂದಿಗಳ ಮೂಲ ಧರ್ಮಗ್ರಂಥವಾದ ತೋರಾದಲ್ಲಿ ಈ ಕಟ್ಟಳೆಗೆ ಎರಡು ಕಡೆ ಬೇರೆ ಬೇರೆ ಕಾರಣ ಕೊಟ್ಟಿದೆ. ವಿಮೋಚನಕಾಂಡದಲ್ಲಿ ಹೇಳುವ ಕಾರಣ, ದೇವರು ಆರು ದಿನದಲ್ಲಿ ಜಗತ್ತನ್ನು ಸೃಷ್ಟಿಸಿ ಏಳನೆಯ ದಿನ ನಿಲ್ಲಿಸಿದ ಎಂಬುದು. ಧರ್ಮೋಪದೇಶಕಾಂಡದಲ್ಲಿ ಹೇಳುವ ಕಾರಣ, ನೀವು ಒಮ್ಮೆ ಈಜಿಪ್ಟಿನಲ್ಲಿ ಜೀತದಾಳುಗಳಾಗಿದ್ದಿರಿ, ಅದನ್ನು ಮರೆಯಬೇಡಿ ಎಂಬುದು. ಯಾರು ಯಾರು ಬಿಡುವು ಪಡೆಯಬೇಕು ಎಂಬ ಪಟ್ಟಿಯೂ ಅಲ್ಲಿದೆ. ಮನೆಯ ಯಜಮಾನ, ಮಗ, ಮಗಳು, ಆಳು, ಹೆಣ್ಣಾಳು, ಎತ್ತು, ಕತ್ತೆ, ಊರಲ್ಲಿ ನೆಲೆಸಿರುವ ಪರದೇಶಿ.

ಈ ಪಟ್ಟಿಯನ್ನು ಸ್ವಲ್ಪ ಗಮನಿಸಿ. ಯಜಮಾನ ಬಿಡುವು ತೆಗೆದುಕೊಳ್ಳುವುದು ಯಾವ ಕಾಲದಲ್ಲೂ ದೊಡ್ಡ ವಿಷಯವಲ್ಲ. ಆಳಿಗೆ, ಎತ್ತಿಗೆ, ಹೊರಗಿನಿಂದ ಬಂದವನಿಗೆ ಅದೇ ದಿನ, ಅಷ್ಟೇ ಬಿಡುವು ಎಂದದ್ದು ದೊಡ್ಡ ವಿಷಯ. ಕೆಲಸ ಮುಗಿಸಿದವನಿಗೆ ಸಿಗುವ ಬಹುಮಾನವಲ್ಲ ಅದು. ಕೆಲಸ ಮುಗಿದಿರಲಿ ಬಿಡಲಿ, ಹೊತ್ತು ಮುಳುಗಿತು ಎಂದರೆ ನೊಗ ಬಿಚ್ಚಲೇಬೇಕು. ಹಾಗೆಂದು ಅವರ ಸಮಾಜದಲ್ಲಿ ಜೀತ ಇರಲಿಲ್ಲವೆಂದಲ್ಲ. ಇತ್ತು. ಆದರೆ ಜೀತದವನ ಏಳನೆಯ ದಿನ ಯಜಮಾನನ ಸ್ವತ್ತಲ್ಲ ಎಂದು ಕಟ್ಟಳೆ ಹೇಳಿತು.

ಅದೇ ವಿಮೋಚನಕಾಂಡದಲ್ಲಿ ಇನ್ನೊಂದು ಕಥೆ ಇದೆ. ಈಜಿಪ್ಟಿನಿಂದ ಬಿಡುಗಡೆಯಾಗಿ ಮರಳುಗಾಡಿನಲ್ಲಿ ನಡೆಯುತ್ತಿದ್ದ ಜನಕ್ಕೆ ಬೆಳಗಾದರೆ ನೆಲದ ಮೇಲೆ ಆಹಾರ ಬಿದ್ದಿರುತ್ತಿತ್ತಂತೆ. ಅದರ ಹೆಸರು ಮನ್ನಾ. ನಮ್ಮ ಸಾಲ ಮನ್ನಾಕ್ಕೂ ಅದಕ್ಕೂ ಸಂಬಂಧವಿಲ್ಲ! ಆ ದಿನಕ್ಕೆ ಬೇಕಾದಷ್ಟೇ ಆರಿಸಿಕೊಳ್ಳಬೇಕು, ಆಸೆಯಿಂದ ಹೆಚ್ಚು ಕೂಡಿಟ್ಟರೆ ಹುಳ ಬೀಳುತ್ತಿತ್ತು. ಆರನೆಯ ದಿನ ಮಾತ್ರ ಎರಡು ದಿನಕ್ಕೆ ಆಗುವಷ್ಟು, ಏಳನೆಯ ದಿನ ಆರಿಸಲು ಹೋಗುವ ಹಾಗಿಲ್ಲ. ಇದನ್ನು ಓದಿದಾಗ ನನಗೆ ನೆನಪಾದದ್ದು ನಮ್ಮ ಆಯ್ದಕ್ಕಿ ಮಾರಯ್ಯ, ಲಕ್ಕಮ್ಮ. ಚೆಲ್ಲಿದ ಅಕ್ಕಿ ಆಯುವುದು ಮಾರಯ್ಯನವರ ಕಾಯಕ. ಒಂದು ದಿನ ಅವರು ಹೆಚ್ಚು ಅಕ್ಕಿ ತಂದಾಗ, ಹೆಚ್ಚಾದದ್ದನ್ನು ಅಲ್ಲೇ ಸುರಿದು ಬನ್ನಿ ಎಂದು ಲಕ್ಕಮ್ಮ ವಾಪಸ್ ಕಳಿಸಿದರು. ಕಾಯಕವನ್ನು ಅಷ್ಟು ಎತ್ತರದಲ್ಲಿಟ್ಟ ಶರಣರೇ ದುಡಿಮೆಗೂ ಒಂದು ಮಿತಿ ಹಾಕಿದರು. ಎರಡು ಕಥೆಗಳ ದೇಶ ಬೇರೆ, ಕಾಲ ಬೇರೆ. ಎರಡರಲ್ಲೂ ಇರುವ ಪ್ರಶ್ನೆ ಒಂದೇ: ಸಾಕು ಎನ್ನುವುದು ಯಾವಾಗ?

ಕಟ್ಟಳೆ ಇದ್ದ ಮಾತ್ರಕ್ಕೆ ತತ್ವಶಾಸ್ತ್ರ ಆಗುವುದಿಲ್ಲ. ಯಾರಾದರೂ ಏಕೆ ಎಂದು ಕೇಳಬೇಕು, ಇನ್ನೊಬ್ಬರು ಉತ್ತರ ಕೊಡಬೇಕು. ಕೇಳಿದವರು ರೋಮನರು. ಯೆಹೂದಿಗಳು ಏಳರಲ್ಲಿ ಒಂದು ದಿನ ಸುಮ್ಮನೆ ಕೂತು ಆಯುಷ್ಯದ ಏಳನೇ ಒಂದು ಭಾಗ ಹಾಳು ಮಾಡುತ್ತಾರೆ ಎಂದು ರೋಮಿನ ತತ್ವಜ್ಞಾನಿ ಸೆನೆಕಾ ಹಂಗಿಸಿದ. ಇವತ್ತಿನ ಲೆಕ್ಕದ ಭಾಷೆಯಲ್ಲಿ ಹೇಳುವುದಾದರೆ, ಉತ್ಪಾದನೆಯಲ್ಲಿ ಶೇಕಡಾ 14ರಷ್ಟು ನಷ್ಟ ಎಂದ ಹಾಗೆ.

ಉತ್ತರ ಕೊಟ್ಟವನು ಅದೇ ಕಾಲದ ಫಿಲೋ. ಈಜಿಪ್ಟಿನ ಅಲೆಕ್ಸಾಂಡ್ರಿಯಾ ನಗರದ ಯೆಹೂದಿ. ಹುಟ್ಟಿದ್ದು ಸುಮಾರು ಕ್ರಿ.ಪೂ. 20ರಲ್ಲಿ, ತೀರಿಕೊಂಡದ್ದು ಕ್ರಿ.ಶ. 50ರ ಸುಮಾರಿಗೆ. ಗ್ರೀಕ್ ಭಾಷೆಯಲ್ಲಿ ಬರೆಯುತ್ತಿದ್ದ, ಪ್ಲೇಟೋವನ್ನು ಚೆನ್ನಾಗಿ ಓದಿಕೊಂಡಿದ್ದ. ಅಲೆಕ್ಸಾಂಡ್ರಿಯಾದಲ್ಲಿ ಕ್ರಿ.ಶ. 38ರಲ್ಲಿ ಯೆಹೂದಿಗಳ ಮೇಲೆ ದೊಡ್ಡ ದಾಳಿ ನಡೆಯಿತು. ಆಮೇಲೆ ತನ್ನ ಜನರ ಪರವಾಗಿ ಚಕ್ರವರ್ತಿ ಕಲಿಗುಲಾನ ಹತ್ತಿರ ನಿಯೋಗದ ಮುಖ್ಯಸ್ಥನಾಗಿ ರೋಮಿಗೆ ಹೋದವನು ಇವನೇ. ಅಂದರೆ ಅವನು ಬರೀ ಪುಸ್ತಕದ ಪಂಡಿತನಲ್ಲ.

ಫಿಲೋ ಕೊಟ್ಟ ಉತ್ತರದಲ್ಲಿ ಮೂರು ಮಾತುಗಳಿವೆ. ಮೊದಲನೆಯದು, ಆ ದಿನ ಬಿಡುವು ಮೈಗೆ, ಮನಸ್ಸಿಗಲ್ಲ. ಏಳನೆಯ ದಿನ ಊರೂರಲ್ಲೂ ಜನ ಒಂದೆಡೆ ಸೇರಿ ಓದಿಸಿ ಕೇಳುತ್ತಾರೆ. ವಿವೇಕ, ಸಂಯಮ, ಧೈರ್ಯ, ನ್ಯಾಯ ಇವುಗಳ ಪಾಠಶಾಲೆಗಳು ಅವತ್ತು ಎಲ್ಲರಿಗೂ ತೆರೆದಿರುತ್ತವೆ ಎಂದ. ಎರಡನೆಯದು, ಆಳುಗಳಿಗೆ ಬಿಡುವಿರುವ ದಿನ ಯಜಮಾನರು ತಮ್ಮ ಕೆಲಸ ತಾವೇ ಮಾಡಿಕೊಳ್ಳಬೇಕಾಗುತ್ತದೆ. ಆಳಿಗೆ ಸ್ವಾತಂತ್ರ್ಯದ ರುಚಿ ಸಿಗುತ್ತದೆ, ಯಜಮಾನನಿಗೆ ಕೈಕಾಲು ಆಡಿಸುವ ಅಭ್ಯಾಸ ಉಳಿಯುತ್ತದೆ. ಮೂರನೆಯದು, ಆ ಬಿಡುವು ಪ್ರಾಣಿಗಳಿಗೂ ಗಿಡಮರಗಳಿಗೂ ಇದೆ. ಅವತ್ತು ಕೊಂಬೆ ಮುರಿಯುವಂತಿಲ್ಲ, ಎಲೆ ಕೀಳುವಂತಿಲ್ಲ.

ಇನ್ನೂ ಒಂದು ಪ್ರಶ್ನೆ ಇತ್ತು. ದೇವರು ಏಳನೆಯ ದಿನ ವಿಶ್ರಾಂತಿ ತೆಗೆದುಕೊಂಡ ಎಂದರೆ ದೇವರಿಗೂ ಆಯಾಸವಾಗುತ್ತದೆಯೇ? ಇಲ್ಲ ಎಂದ ಫಿಲೋ. ಬೆಂಕಿಗೆ ಸುಡುವುದು ಹೇಗೋ, ಹಿಮಕ್ಕೆ ತಂಪು ಹೇಗೋ, ದೇವರಿಗೆ ಸೃಷ್ಟಿ ಹಾಗೆ, ಅದು ನಿಲ್ಲುವುದೇ ಇಲ್ಲ. ವಿಶ್ರಾಂತಿ ಎಂದರೆ ಸುಮ್ಮನಿರುವುದಲ್ಲ, ಶ್ರಮವಿಲ್ಲದೆ ನಡೆಯುವ ಕ್ರಿಯೆ. ಮುಂದೆ ಕುರಾನ್ ಕೂಡ ಸೃಷ್ಟಿಯಿಂದ ದೇವರಿಗೆ ಆಯಾಸ ತಟ್ಟಲಿಲ್ಲ ಎಂದೇ ಹೇಳುತ್ತದೆ.

ಏಳರ ಎಣಿಕೆ ವಾರಕ್ಕೆ ನಿಲ್ಲಲಿಲ್ಲ, ವರ್ಷಕ್ಕೂ ಬಂತು. ಆರು ವರ್ಷ ಬಿತ್ತಿದ ಹೊಲವನ್ನು ಏಳನೆಯ ವರ್ಷ ಬೀಳು ಬಿಡಬೇಕು. ತಾನಾಗಿ ಬೆಳೆದದ್ದು ಬಡವರಿಗೆ, ಅವರು ಬಿಟ್ಟದ್ದು ಕಾಡುಪ್ರಾಣಿಗಳಿಗೆ. ಅದೇ ವರ್ಷ ಸಾಲವನ್ನೂ ಬಿಟ್ಟುಬಿಡಬೇಕು. ಇದು ನಮ್ಮ ಭಾಗದವರಿಗೆ ಬೇಗ ಅರ್ಥವಾಗುತ್ತದೆ. ಪಾವಗಡ, ಶಿರಾ, ಮಧುಗಿರಿಯ ಹೊಲಗಳು ಬೀಳು ಬೀಳುವುದು ಮಳೆ ಕೈಕೊಟ್ಟಾಗ, ಅದು ಬಿಡುವಲ್ಲ, ಬರ. ಸಾಲ ಮನ್ನಾ ಎಂದರೆ ಏನೆಂದು ಇಲ್ಲಿ ಯಾರಿಗೂ ಬಿಡಿಸಿ ಹೇಳಬೇಕಿಲ್ಲ. ಮನ್ನಾದ ಹಿಂದೆ ಬರುವ ಕಷ್ಟವೂ ಗೊತ್ತು: ಮುಂದಿನ ಸಲ ಸಾಲ ಕೊಡುವವರು ಯಾರು? ಆಗಲೂ ಹಾಗೇ ಆಯಿತು. ಏಳನೆಯ ವರ್ಷ ಹತ್ತಿರ ಬಂದಂತೆ ಹಣವಿದ್ದವರು ಕೈ ಬಿಗಿ ಹಿಡಿದರು, ಬಡವನಿಗೆ ಸಾಲವೇ ಹುಟ್ಟದಂತಾಯಿತು. ಕ್ರಿಸ್ತಪೂರ್ವ ಒಂದನೆಯ ಶತಮಾನದ ಕೊನೆಯ ಹೊತ್ತಿಗೆ ಹಿಲ್ಲೆಲ್ ಎಂಬ ಗುರು ಒಂದು ದಾರಿ ಮಾಡಿದರು. ಸಾಲದ ಪತ್ರವನ್ನು ನ್ಯಾಯಸಭೆಗೆ ಒಪ್ಪಿಸಿದರೆ ಅದು ಮನ್ನಾ ಆಗುವುದಿಲ್ಲ, ಹಾಗಾಗಿ ಕೊಡುವವನು ಹೆದರುವುದಿಲ್ಲ, ಬೇಕಾದವನಿಗೆ ಸಾಲ ಸಿಗುತ್ತದೆ. ಅಕ್ಷರಕ್ಕೆ ಅಂಟಿಕೊಳ್ಳದೆ, ಕಟ್ಟಳೆ ಯಾರಿಗಾಗಿ ಹುಟ್ಟಿತೋ ಅವರನ್ನು ನೋಡಿ ತೀರ್ಮಾನ ಮಾಡುವುದು ಯೆಹೂದಿ ಚಿಂತನೆಯ ಒಂದು ದೊಡ್ಡ ಗುಣ.

ಇದೇ ಗುಣ ಯೇಸುವಿನಲ್ಲೂ ಇತ್ತು. ಯೇಸು ಹುಟ್ಟಿ ಬೆಳೆದದ್ದು ಯೆಹೂದಿಯಾಗಿ. ಸಬ್ಬತ್ ಇರುವುದು ಮನುಷ್ಯನಿಗಾಗಿ, ಮನುಷ್ಯ ಇರುವುದು ಸಬ್ಬತ್‌ಗಾಗಿ ಅಲ್ಲ ಎಂಬ ಅರ್ಥದ ಮಾತನ್ನು ಆಡಿ, ಆ ದಿನವೂ ಕಾಯಿಲೆಯವರನ್ನು ವಾಸಿ ಮಾಡಿದರು. ಅವರ ಅನುಯಾಯಿಗಳು ನಿಧಾನವಾಗಿ ಭಾನುವಾರವನ್ನು ತಮ್ಮ ದಿನವಾಗಿ ಮಾಡಿಕೊಂಡರು. ಕ್ರಿ.ಶ. 321ರಲ್ಲಿ ರೋಮಿನ ಚಕ್ರವರ್ತಿ ಕಾನ್‌ಸ್ಟಂಟೈನ್ ಭಾನುವಾರ ನ್ಯಾಯಾಲಯಗಳಿಗೆ, ಪಟ್ಟಣದ ಕಸುಬುದಾರರಿಗೆ ರಜೆ ಎಂದು ಆಜ್ಞೆ ಹೊರಡಿಸಿದ. ಹಳ್ಳಿಯ ರೈತರು ಮಾತ್ರ ಬೇಸಾಯ ಮಾಡಬಹುದು ಎಂದು ಬಿಟ್ಟ. ರೈತನಿಗೆ ರಜೆ ಇಲ್ಲ ಎಂಬುದು ಅಂದಿನಿಂದಲೂ ಬಂದದ್ದೇ! ಫಿಲೋನ ಬರಹಗಳನ್ನು ಉಳಿಸಿಕೊಂಡವರೂ ಕ್ರೈಸ್ತರೇ. ಕ್ಲೆಮೆಂಟ್, ಒರಿಜೆನ್ ಮುಂತಾದ ಕ್ರೈಸ್ತ ಪಂಡಿತರು ಅವನಿಂದ ಧರ್ಮಗ್ರಂಥವನ್ನು ತತ್ವದ ಕಣ್ಣಿಂದ ಓದುವುದನ್ನು ಕಲಿತರು.

ಇಸ್ಲಾಮಿನಲ್ಲಿ ಶುಕ್ರವಾರ ಇಡೀ ದಿನದ ರಜೆಯಲ್ಲ. ಪ್ರಾರ್ಥನೆಯ ಕರೆ ಬಂದಾಗ ವ್ಯಾಪಾರ ಬಿಟ್ಟು ಬನ್ನಿ, ಮುಗಿದ ಮೇಲೆ ನಿಮ್ಮ ಕೆಲಸಕ್ಕೆ ಹೋಗಿ ಎಂದು ಅಲ್ಲಿನ ಕ್ರಮ. ಆದರೆ ಶನಿವಾರಕ್ಕೆ ಅರಬ್ಬಿಯಲ್ಲಿ ಇವತ್ತಿಗೂ ಸಬ್ತ್ ಎಂದೇ ಹೆಸರು. ಶಿರಾ 1687ರಿಂದ ಸುಮಾರು 70 ವರ್ಷ ಮೊಘಲರ ಸುಬಾದ ಮುಖ್ಯ ಪಟ್ಟಣವಾಗಿತ್ತು. ಅಲ್ಲಿನ ಜುಮ್ಮಾ ಮಸೀದಿಯಲ್ಲಿ ಶುಕ್ರವಾರ ಸೇರುವ ಜನ, ವಾರದಲ್ಲಿ ಒಮ್ಮೆಯಾದರೂ ತಕ್ಕಡಿ ಕೆಳಗಿಟ್ಟು ಒಟ್ಟಿಗೆ ನಿಲ್ಲಬೇಕು ಎಂಬ ಆ ಹಳೆಯ ವಿಚಾರವನ್ನೇ ತಮ್ಮ ರೀತಿಯಲ್ಲಿ ಪಾಲಿಸುತ್ತಾ ಬಂದಿದ್ದಾರೆ.

ಹನ್ನೆರಡನೆಯ ಶತಮಾನಕ್ಕೆ, ನಮ್ಮಲ್ಲಿ ಶರಣರಿದ್ದ ಕಾಲಕ್ಕೆ ಬರೋಣ. ಈಜಿಪ್ಟಿನ ಫುಸ್ತಾತ್‌ನಲ್ಲಿ, ಅಂದರೆ ಹಳೆಯ ಕೈರೋದಲ್ಲಿ, ಮೈಮೊನಿಡಿಸ್ ಎಂಬ ದೊಡ್ಡ ಯೆಹೂದಿ ತತ್ವಜ್ಞಾನಿ ಇದ್ದರು. ಹುಟ್ಟಿದ್ದು 1138ರಲ್ಲಿ, ತೀರಿಕೊಂಡದ್ದು 1204ರಲ್ಲಿ. ತಮ್ಮ ದೊಡ್ಡ ಗ್ರಂಥವನ್ನು ಅರಬ್ಬಿಯಲ್ಲಿ ಬರೆದರು. ಅದನ್ನು ಕ್ರೈಸ್ತರ ಥಾಮಸ್ ಅಕ್ವಿನಾಸ್ ಗೌರವದಿಂದ ಓದಿದರು. ಸಬ್ಬತ್‌ಗೆ ತೋರಾದಲ್ಲಿ ಎರಡು ಕಾರಣ ಏಕೆ ಎಂಬುದನ್ನು ಮೈಮೊನಿಡಿಸ್ ಅದರಲ್ಲಿ ವಿವರಿಸಿದ್ದಾರೆ. ಸೃಷ್ಟಿಯ ಕಾರಣ ಬುದ್ಧಿಗೆ ಸರಿಯಾದ ನಂಬಿಕೆ ಕೊಡುತ್ತದೆ, ಜೀತದ ಕಾರಣ ಮೈಗೆ ಬಿಡುವು ಕೊಡುತ್ತದೆ ಎಂಬುದು ಅದರ ಸಾರ. ಇವರ ತಮ್ಮ ಡೇವಿಡ್ ಹರಳಿನ ವ್ಯಾಪಾರಿ. ಇಂಡಿಯಾ ಕಡೆಗೆ ಬರುವಾಗ ಹಡಗು ಮುಳುಗಿ ನಮ್ಮ ಹಿಂದೂ ಮಹಾಸಾಗರದಲ್ಲಿ ತೀರಿಕೊಂಡರು. ಆ ದುಃಖದಲ್ಲಿ ಅಣ್ಣ ಒಂದು ವರ್ಷ ಹಾಸಿಗೆ ಹಿಡಿದಿದ್ದರು.

ಡೇವಿಡ್ ಬರಲಾಗದ ಕರಾವಳಿಗೆ ಅದಕ್ಕೂ ಮೊದಲೇ ಬಂದು ನೆಲೆಸಿದವರಿದ್ದರು. ಟ್ಯುನೀಸಿಯಾ ಮೂಲದ ಯೆಹೂದಿ ವ್ಯಾಪಾರಿ ಅಬ್ರಹಾಂ ಬೆನ್ ಯಿಜು ನಮ್ಮ ಮಂಗಳೂರಿನಲ್ಲಿ ಇದ್ದು, ಕಂಚಿನ ಪಾತ್ರೆಗಳ ಕೆಲಸ ಮಾಡಿಸಿ, 1149ರಲ್ಲಿ ಏಡನ್‌ಗೆ ಹಿಂತಿರುಗಿದರು. ಅವರ ಕಾಗದಪತ್ರಗಳು ಫುಸ್ತಾತ್‌ನ ಯೆಹೂದಿ ಪ್ರಾರ್ಥನಾ ಮಂದಿರದ ಉಗ್ರಾಣದಲ್ಲಿ ಸಿಕ್ಕಿವೆ. ಅವುಗಳಲ್ಲಿ ಒಂದು, ಆಶು ಎಂಬ ಜೀತದ ಹೆಣ್ಣುಮಗಳನ್ನು ಬಿಡುಗಡೆ ಮಾಡಿದ ಪತ್ರ. ಬರೆದ ಸ್ಥಳ ಮಂಗಳೂರು, ತಾರೀಖು 1132ರ ಅಕ್ಟೋಬರ್ 17. ನೀವೂ ಒಮ್ಮೆ ಜೀತದಾಳುಗಳಾಗಿದ್ದಿರಿ ಎಂದು ಪ್ರತಿ ಏಳನೆಯ ದಿನ ನೆನಪಿಸಿಕೊಳ್ಳುವ ಧರ್ಮದವನೊಬ್ಬ, ನಮ್ಮ ನೆಲದಲ್ಲಿ ನಿಂತು ಒಬ್ಬಳನ್ನು ಸ್ವತಂತ್ರಳು ಎಂದು ಬರೆದುಕೊಟ್ಟ.

ಇನ್ನು ಉತ್ತರಕ್ಕೆ, ಕೊಂಕಣದ ಹಳ್ಳಿಗಳಲ್ಲಿ ಬೆನೆ ಇಸ್ರೇಲ್ ಎಂಬ ಯೆಹೂದಿ ಸಮುದಾಯವಿತ್ತು. ಮರಾಠಿ ಮಾತನಾಡುವ ಜನ. ಕಸುಬು ಗಾಣದಲ್ಲಿ ಎಣ್ಣೆ ತೆಗೆಯುವುದು. ಶನಿವಾರ ಗಾಣ ನಿಲ್ಲಿಸುತ್ತಿದ್ದುದರಿಂದ ಊರವರು ಅವರನ್ನು ಶನಿವಾರ ತೇಲಿಗಳು, ಅಂದರೆ ಶನಿವಾರದ ಗಾಣಿಗರು ಎಂದೇ ಕರೆದರು. ಪಕ್ಕದಲ್ಲೇ ಸೋಮವಾರ ತೇಲಿಗಳೂ ಇದ್ದರು. ಅವರು ಶಿವನ ವಾರವೆಂದು ಸೋಮವಾರ ಗಾಣ ಕಟ್ಟುತ್ತಿರಲಿಲ್ಲ. ಶನಿವಾರದವರಿಗೂ ಸೋಮವಾರದವರಿಗೂ ಆ ಕಾರಣಕ್ಕೆ ಜಗಳವಾಗಲಿಲ್ಲ. ಕಡ್ಲೆಕಾಯಿ ಬೆಳೆದು ಗಾಣ ಕಂಡ ನಮ್ಮ ತಾಲ್ಲೂಕುಗಳವರಿಗೆ ಇದು ದೂರದ ಮಾತಲ್ಲ. ಯಾವ ವಾರವಾದರೇನು, ಕಣ್ಣಿಗೆ ಬಟ್ಟೆ ಕಟ್ಟಿ ಸುತ್ತುವ ಎತ್ತಿಗೆ ಒಂದು ದಿನ ಸಿಕ್ಕಿತಲ್ಲ, ಅದು ಮುಖ್ಯ.

ಆದರೆ ಬ್ರಿಟಿಷರ ಕಾಲದ ಬಟ್ಟೆ ಗಿರಣಿಗೆ ಶನಿವಾರವೂ ಇರಲಿಲ್ಲ, ಸೋಮವಾರವೂ ಇರಲಿಲ್ಲ. ಮುಂಬಯಿಯಲ್ಲಿ ಜೋತಿಬಾ ಫುಲೆಯವರ ಸಂಗಾತಿ ನಾರಾಯಣ ಮೇಘಾಜಿ ಲೋಖಂಡೆ ವರ್ಷಗಟ್ಟಲೆ ಹೋರಾಡಿ, 1890ರಲ್ಲಿ ಗಿರಣಿ ಕಾರ್ಮಿಕರಿಗೆ ಭಾನುವಾರದ ರಜೆ ಕೊಡಿಸಿದರು. 1891ರ ಕಾರ್ಖಾನೆ ಕಾಯ್ದೆಯಲ್ಲಿ ವಾರದ ರಜೆ ಸೇರಿತು. ಕ್ಯಾಲೆಂಡರಿನಲ್ಲಿ ಕೆಂಪಗೆ ಅಚ್ಚಾಗುವ ದಿನ ಹೀಗೆ ಬಂದದ್ದು. ಯಾರೂ ಸುಮ್ಮನೆ ಕೊಟ್ಟದ್ದಲ್ಲ.

ಈಗ ನಮ್ಮ ವಿಷಯಕ್ಕೆ ಬರುತ್ತೇನೆ. ಎತ್ತಿಗೆ ಸೋಮವಾರ ಇತ್ತು, ಟ್ರ್ಯಾಕ್ಟರಿಗೆ ಸೋಮವಾರ ಇಲ್ಲ, ಹಾಗಾಗಿ ಅದನ್ನು ಓಡಿಸುವ ಹುಡುಗನಿಗೂ ಇಲ್ಲ. ನಮ್ಮಂಥವರ ಕೈಯಲ್ಲಿರುವ ಮೊಬೈಲಿಗೆ ಸೂರ್ಯ ಮುಳುಗುವುದೇ ಇಲ್ಲ. ನಮ್ಮ ತಾಯಂದಿರಿಗೆ ಭಾನುವಾರ ಎಂದರೆ ಎಲ್ಲರೂ ಮನೆಯಲ್ಲಿರುವ, ಎರಡು ಪಟ್ಟು ಅಡುಗೆಯ ದಿನ. ತೋರಾದ ಪಟ್ಟಿಯಲ್ಲಿ ಮಗಳು, ಹೆಣ್ಣಾಳು ಇದ್ದಾರೆ, ಹೆಂಡತಿ ಎಂಬ ಪದ ಇಲ್ಲ. ಆದರೆ ಒಲೆ ಹಚ್ಚಬಾರದು ಎಂಬ ಕಟ್ಟಳೆಯಿಂದ ಆಕೆಗೂ ಅವತ್ತು ಅಡುಗೆಯಿಂದ ಬಿಡುಗಡೆ. ಹಿಂದಿನ ದಿನವೇ ಮಾಡಿಟ್ಟದ್ದನ್ನು ಎಲ್ಲರೂ ಉಣ್ಣಬೇಕು. ನಮ್ಮ ಮನೆಗಳಲ್ಲಿ ಅಂಥ ಒಂದು ಹೊತ್ತಾದರೂ ಇದೆಯೇ?

ಬಿಡುವು ಎಂಬುದು ಬಲ್ಲಿದನ ಸುಖವಲ್ಲ, ಬಡವನ ಹಕ್ಕು ಎಂಬುದೇ ಆ ಪ್ರಾಚೀನ ಚಿಂತನೆಯಿಂದ ನಾವು ತೆಗೆದುಕೊಳ್ಳಬೇಕಾದದ್ದು ಎಂದು ನಾನು ನಂಬುತ್ತೇನೆ. ಆದ್ದರಿಂದ ನನ್ನ ವಾರಗೆಯವರಲ್ಲಿ ಒಂದು ಕೋರಿಕೆ. ನಮಗೆ ಶನಿವಾರ, ಭಾನುವಾರ ಎರಡು ದಿನ ರಜೆ ಬೇಕು ಎನ್ನುವ ನಾವು, ನಮ್ಮ ತೋಟದ ಆಳಿಗೆ, ಕಾರಿನ ಡ್ರೈವರಿಗೆ, ಮನೆಗೆಲಸದ ಅಕ್ಕನಿಗೆ ವಾರಕ್ಕೆ ಒಂದು ದಿನ ಸಂಬಳ ಕಡಿಯದೆ ಬಿಡುವು ಕೊಡುತ್ತಿದ್ದೇವೆಯೇ ಎಂದು ನೋಡಿಕೊಳ್ಳೋಣ. ಅವತ್ತು ಫಿಲೋ ಹೇಳಿದ ಹಾಗೆ ನಮ್ಮ ಕೆಲಸ ನಾವೇ ಮಾಡಿಕೊಂಡರೆ ನಮಗೂ ಒಳ್ಳೆಯದು.

ಮೇಷ್ಟ್ರುಗಳಲ್ಲಿ ಇನ್ನೊಂದು ಕೋರಿಕೆ. ಹತ್ತನೇ ತರಗತಿಯ ಫಲಿತಾಂಶಕ್ಕಾಗಿ ನೀವು ನಿಮ್ಮ ಸ್ವಂತ ಭಾನುವಾರಗಳನ್ನೂ ಕೊಟ್ಟು ವಿಶೇಷ ತರಗತಿ ಮಾಡುತ್ತೀರಿ. ಆ ಋಣ ದೊಡ್ಡದು. ಆದರೂ ವಾರದಲ್ಲಿ ಒಂದು ದಿನ ಮಕ್ಕಳಿಗೂ ನಿಮಗೂ ಅಂಕದ ಚಿಂತೆ ಇಲ್ಲದೆ ಇರಲಿ. ಅವತ್ತು ಬೆಳಿಗ್ಗೆ ಎರಡು ಗಂಟೆ ಶಾಲೆಯ ಲೈಬ್ರರಿಯ ಬೀಗ ತೆಗೆದಿರಲಿ. ಬರಲೇಬೇಕೆಂದಿಲ್ಲ, ಹಾಜರಿ ಇಲ್ಲ, ಪರೀಕ್ಷೆ ಇಲ್ಲ. ಊರಿನ ದೊಡ್ಡವರೂ ಬಂದು ಪೇಪರು, ಪುಸ್ತಕ ಓದಲಿ, ಓದಲು ಬಾರದವರಿಗೆ ಮಕ್ಕಳು ಓದಿ ಹೇಳಲಿ. ಮೇಷ್ಟ್ರುಗಳು ಮನೆಯಲ್ಲೇ ಇರಲಿ. ಹಳೆಯ ವಿದ್ಯಾರ್ಥಿಗಳಾದ ನಾವು ಸರದಿಯ ಮೇಲೆ ಬಂದು ಬಾಗಿಲು ತೆಗೆಯುತ್ತೇವೆ. ತಿಂಗಳಿಗೆ ಒಂದು ಭಾನುವಾರ ನನ್ನದು. ಉಳಿದ ಮೂರಕ್ಕೆ ಈ ಸಭೆಯಲ್ಲೇ ಹೆಸರು ಕೊಡಿ ಎಂದು ಕೇಳಿಕೊಂಡು ನನ್ನ ಮಾತು ಮುಗಿಸುತ್ತೇನೆ.